ದೇವಿಕಾ ರಾಣಿ: ಮುತ್ತಿನ ಕಥೆ ಸಾಕು, ಕಾಗದದ ಕಥೆ ಕೇಳಿ

ಕನಕಪುರ ರಸ್ತೆಯ ಮೆಟ್ರೊ ರೇಷ್ಮೆ ಸಂಸ್ಥೆಗೆ ಬಂದು ನಿಲ್ಲುತ್ತದೆ. ಅಲ್ಲಿಂದ ಇನ್ನೂ ಸ್ವಲ್ಪ ಮುಂದೆ ಹೋದರೆ ತಾತಗುಣಿ. ಅಪಾರ್ಟ್‌ಮೆಂಟು, ಕಲ್ಯಾಣ ಮಂಟಪ, ಟ್ರಾಫಿಕ್ಕು ನೋಡುತ್ತಾ ಹೋಗುವವರಿಗೆ ಪಕ್ಕದಲ್ಲೇ ಅಷ್ಟು ದೊಡ್ಡ ಹಸಿರು ಜಾಗ ಉಳಿದುಕೊಂಡಿದೆ ಅಂತ ಗೊತ್ತೇ ಆಗುವುದಿಲ್ಲ. ಸುಮಾರು 470 ಎಕರೆ. ನಾವು ಬೆಂಗಳೂರಿನವರು ಎಲ್ಲವನ್ನೂ ಸೈಟಿನ ಲೆಕ್ಕದಲ್ಲೇ ನೋಡುವವರು, ಅಲ್ವಾ? ರಸ್ತೆಗೆ, ಪಾರ್ಕಿಗೆ ಏನೂ ಬಿಡದೆ ಬರೀ ಭಾಗಾಕಾರ ಮಾಡಿದರೆ 30-40 ಸೈಟು 17 ಸಾವಿರದಷ್ಟು ಬರುತ್ತವೆ. ಆ ಜಾಗದ ಸುತ್ತ ಇಷ್ಟು ವರ್ಷ ಕೋರ್ಟು ಕಚೇರಿ ಯಾಕೆ ನಡೆಯಿತು ಅಂತ ಅರ್ಥವಾಗಲು ಇದೊಂದು ಲೆಕ್ಕ ಸಾಕು.

ಜಾಗದ ಹೆಸರು ರೋರಿಕ್ ಮತ್ತು ದೇವಿಕಾ ರಾಣಿ ಎಸ್ಟೇಟ್. ಈಗ ಅದು ಸರ್ಕಾರದ್ದು. ಅಲ್ಲಿ ಏನು ಮಾಡಬೇಕು ಅನ್ನುವುದಕ್ಕೆ ಮಾತ್ರ ಇನ್ನೂ ಒಂದು ಉತ್ತರ ಸಿಕ್ಕಿಲ್ಲ. ಒಮ್ಮೆ ಮ್ಯೂಸಿಯಂ ಅಂದರು, ಒಮ್ಮೆ ಕಲಾ ಕೇಂದ್ರ ಅಂದರು. 2019ರ ಹೊತ್ತಿಗೆ ಫಿಲ್ಮ್ ಸಿಟಿ ಮಾಡುವ ಮಾತೂ ಬಂತು. ಬನ್ನೇರುಘಟ್ಟ ಕಾಡು ಹತ್ತಿರವೇ ಇದೆ, ಆನೆ ಓಡಾಡುತ್ತವೆ, ಅಲ್ಲಿ ಸೆಟ್ ಹಾಕುವುದೇನು ಅಂತ ವಿರೋಧವೂ ಬಂತು.

ಈ ಚರ್ಚೆಗಳಲ್ಲಿ ನನಗೆ ವಿಚಿತ್ರ ಅನಿಸುವುದು ಒಂದು ವಿಷಯ. ಎಸ್ಟೇಟಿನ ಹೆಸರಲ್ಲಿರುವ ಹೆಂಗಸು ಯಾರು ಅಂತ ಕೇಳಿದರೆ ಎರಡೇ ಉತ್ತರ ಬರುತ್ತವೆ. ಒಂದು, "ತೆರೆ ಮೇಲೆ ಮುತ್ತು ಕೊಟ್ಟ ಮೊದಲ ನಟಿ." ಇನ್ನೊಂದು, "ಹೀರೋ ಜೊತೆ ಓಡಿಹೋಗಿ ವಾಪಸ್ ಬಂದವಳು." ದೇಶದ ಅತಿ ದೊಡ್ಡ ಸ್ಟುಡಿಯೋಗಳಲ್ಲಿ ಒಂದನ್ನು ಐದು ವರ್ಷ ನಡೆಸಿದಾಕೆ, ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯ ಮೊದಲ ಹೆಸರು, ನಲವತ್ತು ವರ್ಷಕ್ಕೂ ಹೆಚ್ಚು ಬೆಂಗಳೂರಿನವಳಾಗಿದ್ದಾಕೆ. ಇಷ್ಟನ್ನೆಲ್ಲ ಬಿಟ್ಟು ನಾವು ನೆನಪಿಟ್ಟುಕೊಂಡಿದ್ದು ಮುತ್ತು ಮತ್ತು ಓಟ.

ಮುತ್ತಿನ ವಿಷಯ ಮೊದಲು ಮುಗಿಸಿಬಿಡೋಣ. ಸಿನಿಮಾ 'ಕರ್ಮ', 1933. ಇಂಗ್ಲಿಷ್‌ನಲ್ಲಿ ತಯಾರಾಗಿ ಲಂಡನ್ನಿನಲ್ಲಿ ಬಿಡುಗಡೆಯಾಯಿತು, ಹಿಂದಿಯಲ್ಲೂ ಬಂತು. ರಾಜಕುಮಾರನಿಗೆ ಹಾವು ಕಚ್ಚಿದೆ, ಪ್ರಜ್ಞೆ ಇಲ್ಲ. ಅವನನ್ನು ಎಬ್ಬಿಸಲು ರಾಜಕುಮಾರಿ ಅಳುತ್ತಾ ಮುತ್ತಿಡುತ್ತಾಳೆ. ಇದು ಶೃಂಗಾರಕ್ಕಿಂತ ಗೋಳಾಟವೇ ಜಾಸ್ತಿ ಇರುವ ದೃಶ್ಯ. "ನಾಲ್ಕು ನಿಮಿಷದ ಮುತ್ತು" ಅಂತ ಕ್ವಿಜ್ ಪುಸ್ತಕಗಳು ಹೇಳುತ್ತವೆ. ದೃಶ್ಯ ನೋಡಿದರೆ ಅದು ಅಷ್ಟುದ್ದ ಇಲ್ಲ. ಮೊದಲನೆಯದಂತೂ ಅಲ್ಲವೇ ಅಲ್ಲ. ಮೂಕಿ ಕಾಲದಲ್ಲೇ ನಮ್ಮ ಸಿನಿಮಾಗಳಲ್ಲಿ ಮುತ್ತು ಇತ್ತು. ರಾಜಕುಮಾರನ ಪಾತ್ರ ಮಾಡಿದವರು ಹಿಮಾಂಶು ರಾಯ್, ಆಕೆಯ ಗಂಡ. ಅಷ್ಟೇ ಕಥೆ.

ಇನ್ನು ನಿಜವಾದ ಕಥೆಗೆ ಬರೋಣ. ಅದು ಕಾಗದದ ಕಥೆ. ಸಂಬಳದ ಕಾಗದ, ಷೇರಿನ ಕಾಗದ, ಜಮೀನಿನ ಕಾಗದ. ಕೆಲಸ ಮಾಡಿದ್ದು ಯಾರು, ದುಡ್ಡು ಯಾರದ್ದು, ಸಹಿ ಯಾರದ್ದು? ದೇವಿಕಾ ರಾಣಿಯ ಬದುಕಿನ ಪ್ರತಿ ತಿರುವಿನಲ್ಲೂ ಇದೇ ಪ್ರಶ್ನೆ ಇದೆ. ಇವತ್ತು ಸಿನಿಮಾದಲ್ಲಿ ಕೆಲಸ ಮಾಡುವ ಹೆಣ್ಣುಮಕ್ಕಳು ಕೇಳುತ್ತಿರುವುದೂ ಇದನ್ನೇ.

ಬರ್ಲಿನ್ನಿಂದ ಮಲಾಡಿಗೆ

ಹುಟ್ಟಿದ್ದು 1908ರ ಮಾರ್ಚ್ 30, ವಾಲ್ಟೇರಿನಲ್ಲಿ, ಅಂದರೆ ಇಂದಿನ ವಿಶಾಖಪಟ್ಟಣ. ಬಂಗಾಳಿ ಮನೆತನ. ಅಪ್ಪ ಕರ್ನಲ್ ಮನ್ಮಥನಾಥ ಚೌಧುರಿ, ಮದ್ರಾಸ್ ಪ್ರಾಂತ್ಯದ ಸರ್ಜನ್ ಜನರಲ್ ಆದ ಮೊದಲ ಭಾರತೀಯ. ಟ್ಯಾಗೋರ್ ಮನೆತನದ ನೆಂಟಸ್ತಿಕೆ ಬೇರೆ. ಒಂಬತ್ತನೇ ವಯಸ್ಸಿಗೇ ಹುಡುಗಿಯನ್ನು ಇಂಗ್ಲೆಂಡಿನ ಬೋರ್ಡಿಂಗ್ ಶಾಲೆಗೆ ಕಳಿಸಿದರು. ಲಂಡನ್ನಿನಲ್ಲಿ ನಾಟಕ, ಸಂಗೀತ ಕಲಿತಳು. ಬಟ್ಟೆಯ ವಿನ್ಯಾಸ ಕಲಿತು ಅದರಲ್ಲೇ ಕೆಲಸಕ್ಕೂ ಸೇರಿದಳು. ಸಿನಿಮಾ ತಲೆಯಲ್ಲಿ ಇರಲಿಲ್ಲ.

1928ರಲ್ಲಿ ಹಿಮಾಂಶು ರಾಯ್ ಪರಿಚಯವಾಯಿತು. ಕಾನೂನು ಓದಲು ಹೋಗಿ ನಾಟಕ, ಸಿನಿಮಾ ಕಡೆ ವಾಲಿದ್ದ ಮನುಷ್ಯ. ಆಗಲೇ ಜರ್ಮನರ ಜೊತೆ ಸೇರಿ ಮೂಕಿ ಚಿತ್ರ ಮಾಡುತ್ತಿದ್ದರು. 'ಪ್ರಪಂಚ ಪಾಶ್' ಚಿತ್ರಕ್ಕೆ ಉಡುಪು, ಸೆಟ್ಟಿನ ಕೆಲಸದಲ್ಲಿ ನೆರವಾಗಲು ದೇವಿಕಾಳನ್ನು ಕರೆದರು. 1929ರಲ್ಲಿ ಮದುವೆ. ಆಮೇಲೆ ಇಬ್ಬರೂ ಬರ್ಲಿನ್ನಿನ ಉಫಾ ಸ್ಟುಡಿಯೋದಲ್ಲಿ ಕೆಲಸ ಕಲಿತರು. ಆಗ ಯುರೋಪಿನಲ್ಲಿ ಅದಕ್ಕಿಂತ ದೊಡ್ಡ ಸ್ಟುಡಿಯೋ ಇರಲಿಲ್ಲ. ಬೆಳಕು, ಮೇಕಪ್ಪು, ಲ್ಯಾಬು, ಸೆಟ್ಟು, ಎಲ್ಲಕ್ಕೂ ಬೇರೆ ಬೇರೆ ವಿಭಾಗ. ಬೆಳಗ್ಗೆ ಗೇಟು ದಾಟಿ ಒಳಗೆ ಹೋಗಿ ಸಂಜೆ ಹೊರಗೆ ಬರುವ ಕಾರ್ಖಾನೆ.

ಆ ಕಾರ್ಖಾನೆಯನ್ನೇ ಅವರು ಮುಂಬೈಯ ಮಲಾಡಿನಲ್ಲಿ ಕಟ್ಟಿದರು. 1934ರಲ್ಲಿ ಶುರುವಾದ ಬಾಂಬೆ ಟಾಕೀಸ್ ಷೇರು ಕಂಪನಿ. ಅಧಿಕೃತ ಬಂಡವಾಳ 25 ಲಕ್ಷ ರೂಪಾಯಿ. ಆ ಕಾಲಕ್ಕೆ ಇದು ಎಂಥ ಮಾತು ಅಂತ ಯೋಚಿಸಿ. ಸಿನಿಮಾಕ್ಕೆ ದುಡ್ಡು ಅಂದರೆ ಒಬ್ಬ ಸೇಠ್ ಕೊಡುವ ಸಾಲ ಅಂತಿದ್ದ ದಿನಗಳಲ್ಲಿ, ನಗರದ ಪ್ರತಿಷ್ಠಿತರನ್ನು ನಿರ್ದೇಶಕ ಮಂಡಳಿಯಲ್ಲಿ ಕೂರಿಸಿ, ಸಾರ್ವಜನಿಕರಿಗೆ ಷೇರು ಮಾರಿ, ಲೆಕ್ಕಪತ್ರ ಇಟ್ಟು ಕಂಪನಿ ನಡೆಸಿದರು. ನಿರ್ದೇಶಕ ಫ್ರಾಂಜ್ ಓಸ್ಟನ್, ಛಾಯಾಗ್ರಾಹಕ ಯೋಸೆಫ್ ವಿರ್ಶಿಂಗ್, ಸೆಟ್ಟಿನವರು, ಲ್ಯಾಬಿನವರು ಜರ್ಮನರು. ಓಸ್ಟನ್‌ಗೆ ಹಿಂದಿ ಬರುತ್ತಿರಲಿಲ್ಲ. ಒಂದಕ್ಷರ ಅರ್ಥವಾಗದ ಭಾಷೆಯಲ್ಲಿ ಸಿನಿಮಾ ಮೇಲೆ ಸಿನಿಮಾ ಮಾಡಿ ಗೆದ್ದ ಮನುಷ್ಯ ಆತ. ಇವತ್ತು ಭಾಷೆ ಬರದ ನಾಯಕಿಯನ್ನು ನೋಡಿ ನಾವು ಗೊಣಗುತ್ತೇವೆ!

ಎಲ್ಲರಿಗೂ ತಿಂಗಳ ಸಂಬಳ. ನಾಯಕಿಗೂ, ಲ್ಯಾಬಿನ ಹುಡುಗನಿಗೂ. ಕ್ಯಾಂಟೀನಿನಲ್ಲಿ ಜಾತಿ ನೋಡದೆ ಒಟ್ಟಿಗೆ ಕೂತು ಊಟ ಮಾಡುತ್ತಿದ್ದರು ಅಂತ ಅಲ್ಲಿದ್ದವರು ಮತ್ತೆ ಮತ್ತೆ ನೆನಪಿಸಿಕೊಂಡಿದ್ದಾರೆ. 1930ರ ದಶಕದಲ್ಲಿ ಅದು ಸಣ್ಣ ವಿಷಯವಲ್ಲ.

ಸಂಬಳದ ಲೆಕ್ಕದಲ್ಲಿ ಒಂದು ತೊಡಕು ಇತ್ತು. ನಾಯಕಿ ಮಾಲೀಕನ ಹೆಂಡತಿ. ಪೋಸ್ಟರಿನ ಮೇಲೆ ಆಕೆಯ ಮುಖ, ಜನ ಬರುವುದು ಆಕೆಯನ್ನು ನೋಡಲು. ದುಡ್ಡು ಮಾತ್ರ ಮನೆಯದ್ದು, ಅಂದರೆ ಗಂಡನದ್ದು. ನಮ್ಮಲ್ಲಿ ಎಷ್ಟೋ ಮನೆಗಳಲ್ಲಿ ಅಂಗಡಿ ಗಲ್ಲಾದಲ್ಲಿ ಹೆಂಡತಿ ಕೂರುತ್ತಾಳೆ, ಪಾಸ್‌ಬುಕ್ಕು ಗಂಡನ ಹೆಸರಲ್ಲಿರುತ್ತದೆ. ಅದೇ ಕಥೆ, ದೊಡ್ಡ ಪರದೆ ಮೇಲೆ.

1936ರ ಷರತ್ತು

'ಜೀವನ್ ನೈಯಾ' ಚಿತ್ರೀಕರಣದ ಹೊತ್ತಿಗೆ ನಾಯಕ ನಜ್ಮುಲ್ ಹಸನ್ ಜೊತೆ ದೇವಿಕಾ ರಾಣಿ ಕಲ್ಕತ್ತಕ್ಕೆ ಹೊರಟುಹೋದರು. ಚಿತ್ರ ಅರ್ಧಕ್ಕೆ ನಿಂತಿತು. ಸ್ಟುಡಿಯೋದ ಸೌಂಡ್ ವಿಭಾಗದಲ್ಲಿದ್ದ ಶಶಧರ ಮುಖರ್ಜಿ ಮಾತುಕತೆ ನಡೆಸಿ ಆಕೆಯನ್ನು ವಾಪಸ್ ಕರೆತಂದರು. ನಜ್ಮುಲ್ ಹಸನ್ ಕೆಲಸ ಹೋಯಿತು. ಆ ಜಾಗಕ್ಕೆ ಲ್ಯಾಬಿನಲ್ಲಿದ್ದ ಹುಡುಗ, ಮುಖರ್ಜಿಯ ಭಾವಮೈದುನ ಕುಮುದ್‌ಲಾಲ್ ಗಂಗೂಲಿಯನ್ನು ತಂದು ನಿಲ್ಲಿಸಿದರು. ಅವರೇ ಅಶೋಕ್ ಕುಮಾರ್.

ಗಾಸಿಪ್ಪು ಇಲ್ಲಿಗೆ ಮುಗಿಯುತ್ತದೆ. ನನಗೆ ಮುಖ್ಯ ಅನಿಸುವುದು ಆಕೆ ವಾಪಸ್ ಬರಲು ಹಾಕಿದ ಷರತ್ತು. ತನ್ನ ದುಡ್ಡು ಗಂಡನ ದುಡ್ಡಿನಿಂದ ಬೇರೆಯಾಗಬೇಕು. ಸಿನಿಮಾದಲ್ಲಿ ಮಾಡಿದ ಕೆಲಸಕ್ಕೆ ತನಗೇ ಸಂಬಳ ಬರಬೇಕು. ಮನೆ ಖರ್ಚು ಗಂಡ ನೋಡಿಕೊಳ್ಳಬೇಕು. ಚಿತ್ರರಂಗದ ಚರಿತ್ರೆ ಬರೆದವರು ಇದನ್ನು ಹೀಗೇ ದಾಖಲಿಸಿದ್ದಾರೆ.

ಆಗಿನ ಕಾನೂನು ನೆನಪಿರಲಿ. ಹಿಂದೂ ಮದುವೆಗೆ ವಿಚ್ಛೇದನ ಅನ್ನುವ ದಾರಿಯೇ ಇರಲಿಲ್ಲ. ಅದು ದೇಶಕ್ಕೆಲ್ಲ ಬಂದಿದ್ದು 1955ರ ಕಾಯ್ದೆಯಿಂದ. ಮದುವೆಯಿಂದ ಹೊರಗೆ ಬರುವ ಬಾಗಿಲು ಮುಚ್ಚಿದ್ದಾಗ ಒಳಗೇ ಇದ್ದು ಏನು ಕೇಳಬಹುದು? ಆಕೆ ಕೇಳಿದ್ದು ಕ್ಷಮೆ ಅಲ್ಲ, ಪ್ರೀತಿ ಅಲ್ಲ, ಪ್ರತ್ಯೇಕ ಲೆಕ್ಕ. ಹಿಮಾಂಶು ರಾಯ್‌ಗೂ ಬೇರೆ ದಾರಿ ಇರಲಿಲ್ಲ. ಅರ್ಧ ಮುಗಿದ ಸಿನಿಮಾ, ಷೇರುದಾರರು, ಸಾಲ. ನಾಯಕಿ ಇಲ್ಲದೆ ಕಂಪನಿ ನಡೆಯುವುದಿಲ್ಲ ಅಂತ ಇಬ್ಬರಿಗೂ ಗೊತ್ತಿತ್ತು. ಮದುವೆ ಅನ್ನುವುದು ಒಪ್ಪಂದವಾಗಿ ಬದಲಾದ ಗಳಿಗೆ ಅದು.

ಆ ಒಪ್ಪಂದದ ವರ್ಷವೇ 'ಅಛೂತ್ ಕನ್ಯಾ' ಬಂತು. ರೈಲ್ವೆ ಗೇಟು ಕಾಯುವವನ ಮಗಳು ಕಸ್ತೂರಿ, ದಲಿತ ಹುಡುಗಿ. ಬ್ರಾಹ್ಮಣರ ಮನೆ ಹುಡುಗ ಪ್ರತಾಪ್. ಕೊನೆಗೆ ಅದೇ ರೈಲ್ವೆ ಗೇಟಿನಲ್ಲಿ ಜಗಳ ಬಿಡಿಸಲು ಹೋಗಿ ಕಸ್ತೂರಿ ರೈಲಿಗೆ ಸಿಕ್ಕಿ ಸಾಯುತ್ತಾಳೆ. ಇವತ್ತು ನೋಡಿದರೆ ಕೆಲವು ವಿಷಯ ಕಣ್ಣಿಗೆ ಚುಚ್ಚುತ್ತವೆ. ಕಸ್ತೂರಿಯ ಸೀರೆ ಹಳ್ಳಿಯದ್ದು, ತಿದ್ದಿ ತೀಡಿದ ಹುಬ್ಬು ಮಾತ್ರ ಲಂಡನ್ನಿನದ್ದು. ಜಾತಿಯ ಪ್ರಶ್ನೆಗೆ ಸಿನಿಮಾ ಕೊಡುವ ಉತ್ತರ ಹುಡುಗಿಯ ಸಾವು. ಇದು ನನಗೆ ಸಮಾಧಾನ ಕೊಡುವುದಿಲ್ಲ. ಆದರೂ ಆ ದಿನಗಳಲ್ಲಿ ಆ ಹೆಸರಿಟ್ಟು, ಆ ಕಥೆ ಮಾಡಿ, ಥಿಯೇಟರ್ ತುಂಬಿಸಿದ್ದು ಸುಮ್ನೆ ಅಲ್ಲ. ನೆಹರೂ, ಸರೋಜಿನಿ ನಾಯ್ಡು ಕೂಡ ಬಂದು ನೋಡಿದರು.

ಅದಕ್ಕೆ ಸಂಗೀತ ಕೊಟ್ಟವರೂ ಹೆಂಗಸೇ. ಹೆಸರು ಸರಸ್ವತಿ ದೇವಿ. ನಿಜವಾದ ಹೆಸರು ಖುರ್ಷಿದ್, ಪಾರ್ಸಿ. ನಮ್ಮ ಹೆಣ್ಣುಮಕ್ಕಳು ಸಿನಿಮಾಕ್ಕೆ ಹೋಗುವುದೇ ಅಂತ ಪಾರ್ಸಿ ಸಮಾಜದವರು ಗಲಾಟೆ ಎಬ್ಬಿಸಿದ್ದರಿಂದ ಹೆಸರು ಬದಲಾಯಿಸಿಕೊಳ್ಳಬೇಕಾಯಿತು. ಕಂಪನಿ ಆಕೆಯನ್ನು ಬಿಟ್ಟುಕೊಡಲಿಲ್ಲ, ಹೆಸರನ್ನು ಮಾತ್ರ ಬಿಟ್ಟುಕೊಟ್ಟಿತು.

ನಮ್ಮ ಕಡೆಯ ಒಂದು ಕೊಂಡಿಯೂ ಇಲ್ಲಿದೆ. ಬಾಂಬೆ ಟಾಕೀಸಿನಲ್ಲಿ ದೇವಿಕಾ ರಾಣಿಯ ನಂತರ ನಾಯಕಿಯಾಗಿ ಮೆರೆದವರು ಲೀಲಾ ಚಿಟ್ನಿಸ್. ಹುಟ್ಟಿದ್ದು ಧಾರವಾಡದಲ್ಲಿ. ಪದವಿ ಓದಿದ ನಟಿ ಅಂತಲೇ ಹೆಸರು. 1939ರ 'ಕಂಗನ್' ಗೆದ್ದ ಮೇಲೆ ಅಶೋಕ್ ಕುಮಾರ್ ಜೊತೆ ಅವರದೇ ಜೋಡಿ. ಲಕ್ಸ್ ಸೋಪಿನ ಜಾಹೀರಾತಿನಲ್ಲಿ ಬಂದ ಮೊದಲ ಭಾರತೀಯ ನಟಿಯೂ ಅವರೇ.

ಅದೇ 1939ರಲ್ಲಿ ಪುಣೆಯ ಪ್ರಭಾತ್ ಸ್ಟುಡಿಯೋದಲ್ಲಿ ಇನ್ನೊಂದು ನಡೆಯಿತು. ನಟಿ ಶಾಂತಾ ಆಪ್ಟೆ ಕಾಂಟ್ರ್ಯಾಕ್ಟಿನ ಜಗಳಕ್ಕೆ ಸ್ಟುಡಿಯೋ ಗೇಟಿನ ಮುಂದೆಯೇ ಉಪವಾಸ ಕೂತರು. ಸ್ಟುಡಿಯೋ ಕಾಲ ಅಂದರೆ ಎಲ್ಲ ಚಿನ್ನದಂತಿತ್ತು ಅಂತ ಹೇಳುವವರಿಗೆ ಈ ಚಿತ್ರ ನೆನಪಿರಲಿ. ಸಂಬಳ ಇತ್ತು, ಜೊತೆಗೆ ಸರಪಳಿಯೂ ಇತ್ತು. ಬೇರೆ ಕಂಪನಿಗೆ ಹೋಗುವ ಹಾಗಿಲ್ಲ, ಪಾತ್ರ ಬೇಡ ಅನ್ನುವ ಹಾಗಿಲ್ಲ. ಒಂದೇ ಒಂದು ಅನುಕೂಲ: ಜಗಳವಾಡಲು ಒಂದು ಗೇಟು ಇತ್ತು. ಯಾರ ವಿರುದ್ಧ ಕೂರಬೇಕು ಅಂತ ಶಾಂತಾ ಆಪ್ಟೆಗೆ ಗೊತ್ತಿತ್ತು.

ಇವತ್ತಿನ ತೊಂದರೆ ಇದರ ಉಲ್ಟಾ. ಮಲಯಾಳಂ ಚಿತ್ರರಂಗದಲ್ಲಿ ಕೆಲಸ ಮಾಡುವ ಹೆಂಗಸರ ಸ್ಥಿತಿ ನೋಡಲು ನೇಮಿಸಿದ್ದ ಕೇರಳದ ಹೇಮಾ ಸಮಿತಿಯ ವರದಿ 2019ರ ಡಿಸೆಂಬರಿನಲ್ಲಿ ಸರ್ಕಾರದ ಕೈ ಸೇರಿತು, ಜನರ ಕೈಗೆ ಬಂದಿದ್ದು 2024ರ ಆಗಸ್ಟಿನಲ್ಲಿ, ಅದೂ ಕೆಲವು ಭಾಗ ಮುಚ್ಚಿ. ಅದರಲ್ಲಿ ಲೈಂಗಿಕ ಕಿರುಕುಳದ ಮಾತು ಎಲ್ಲರ ಗಮನ ಸೆಳೆಯಿತು, ಸೆಳೆಯಬೇಕಾದ್ದೇ. ಅದರ ಪಕ್ಕದಲ್ಲೇ ಇನ್ನೂ ಎರಡು ಸಾದಾ ವಿಷಯ ಇದ್ದವು. ಒಂದು, ಸೆಟ್ಟಿನಲ್ಲಿ ಹೆಂಗಸರಿಗೆ ಶೌಚಾಲಯ, ಬಟ್ಟೆ ಬದಲಾಯಿಸುವ ಜಾಗ ಇಲ್ಲ. ಎರಡು, ಬರವಣಿಗೆಯಲ್ಲಿ ಕರಾರು ಇಲ್ಲ. ಕರಾರೇ ಇಲ್ಲದಿದ್ದರೆ ಕೆಲಸ ಕೊಟ್ಟವರು ಯಾರು? ದೂರು ಕೊಡುವುದು ಯಾರ ಮೇಲೆ? ನಿರ್ಮಾಪಕ ಮ್ಯಾನೇಜರ್ ಕಡೆ ಕೈ ತೋರಿಸುತ್ತಾನೆ, ಮ್ಯಾನೇಜರ್ ಏಜೆಂಟ್ ಕಡೆ ತೋರಿಸುತ್ತಾನೆ. ಕೂರಲು ಗೇಟೇ ಇಲ್ಲ.

2024ರ ಸೆಪ್ಟೆಂಬರಿನಲ್ಲಿ ಚಿತ್ರರಂಗದವರ ಹಕ್ಕು, ಸಮಾನತೆಗಾಗಿ ಇರುವ ಫೈರ್ ಸಂಘಟನೆಯವರು ಕನ್ನಡ ಚಿತ್ರರಂಗಕ್ಕೂ ಇಂಥದ್ದೇ ಸಮಿತಿ ಬೇಕು ಅಂತ ಮುಖ್ಯಮಂತ್ರಿಗೆ ಮನವಿ ಕೊಟ್ಟರು. ನೂರೈವತ್ತಕ್ಕೂ ಹೆಚ್ಚು ಜನ ಸಹಿ ಹಾಕಿದ್ದರು. ಅದೇ ವರ್ಷ ಸಿನಿಮಾ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕಲ್ಯಾಣಕ್ಕೆ ರಾಜ್ಯ ಕಾಯ್ದೆಯೂ ಬಂತು, ಟಿಕೆಟ್ಟಿನ ಮೇಲೆ ಸೆಸ್ ಹಾಕಿ ನಿಧಿ ಕೂಡಿಸಲು. ನಿಧಿ ಒಳ್ಳೆಯದೇ. ಅದು ಕಷ್ಟ ಬಂದ ಮೇಲೆ ಕೊಡುವ ಸಹಾಯ. ಕೆಲಸಕ್ಕೆ ಸೇರುವ ದಿನವೇ ಕೈಗೆ ಬರಬೇಕಾದ ಒಂದು ಹಾಳೆ ಕಾಗದ ಬೇರೆ ವಿಷಯ.

ಕುರ್ಚಿಯ ಐದು ವರ್ಷ

1939ರ ಸೆಪ್ಟೆಂಬರಿನಲ್ಲಿ ಯುದ್ಧ ಶುರುವಾಯಿತು. ಬ್ರಿಟಿಷ್ ಸರ್ಕಾರ ಜರ್ಮನರನ್ನು ಹಿಡಿದು ಶಿಬಿರಗಳಿಗೆ ಹಾಕಿತು. ಬಾಂಬೆ ಟಾಕೀಸಿನ ಕ್ಯಾಮೆರಾ, ನಿರ್ದೇಶನ ಎರಡೂ ರಾತ್ರೋರಾತ್ರಿ ಖಾಲಿ. ಹಿಮಾಂಶು ರಾಯ್ ಆರೋಗ್ಯ ಕುಸಿಯಿತು. 1940ರ ಮೇ ತಿಂಗಳಲ್ಲಿ ತೀರಿಕೊಂಡರು.

ದೇವಿಕಾಗೆ ಆಗ 32. ಸ್ಟುಡಿಯೋ ಕುರ್ಚಿಯಲ್ಲಿ ಕೂತರು. ಕೂರಿಸಿದ್ದು ಯಾರ ದಯೆಯೂ ಅಲ್ಲ, ಕೈಯಲ್ಲಿದ್ದ ಷೇರು. ಮಂಡಳಿ, ಷೇರುದಾರರು ಇರುವ ಕಂಪನಿಯಲ್ಲಿ ಕುರ್ಚಿಗೆ ಒಂದು ಲೆಕ್ಕ ಇರುತ್ತದೆ. ಸೇಠ್‌ಜಿಯ ಖಾಸಗಿ ಸ್ಟುಡಿಯೋ ಆಗಿದ್ದಿದ್ದರೆ ವಿಧವೆಗೆ ಸಿಗುತ್ತಿದ್ದದ್ದು ಬಹುಶಃ ಮಾಸಾಶನ.

ಆ ಐದು ವರ್ಷ ಸುಲಭದ್ದಾಗಿರಲಿಲ್ಲ. ಯುದ್ಧದಿಂದ ಕಚ್ಚಾ ಫಿಲ್ಮ್ ರೇಷನ್ ಆಯಿತು. ಸಿನಿಮಾ ಇಷ್ಟೇ ಉದ್ದ ಇರಬೇಕು ಅಂತ ಸರ್ಕಾರ 11,000 ಅಡಿಯ ಮಿತಿ ಹಾಕಿತು. ಒಳಗೆ ಎರಡು ಬಣ. ಶಶಧರ ಮುಖರ್ಜಿ, ಅಶೋಕ್ ಕುಮಾರ್ ಒಂದು ಕಡೆ, ಅಮಿಯ ಚಕ್ರವರ್ತಿ ಇನ್ನೊಂದು ಕಡೆ. ಇಬ್ಬರ ಕೈಯಲ್ಲೂ ಸರದಿಯಂತೆ ಸಿನಿಮಾ ಮಾಡಿಸಿದರು. ಜಗಳದ ಮನೆ, ಆದರೂ ಅಡುಗೆ ನಿಲ್ಲಲಿಲ್ಲ. 1942ರ 'ಬಸಂತ್' ಗೆದ್ದಿತು. ಅದರಲ್ಲಿ ಬೇಬಿ ಮುಮ್ತಾಜ್ ಅನ್ನುವ ಪುಟ್ಟ ಹುಡುಗಿ ಇದ್ದಳು, ಮುಂದೆ ಮಧುಬಾಲಾ ಆದವಳು. 1943ರ 'ಕಿಸ್ಮತ್' ಕಲ್ಕತ್ತದ ರಾಕ್ಸಿ ಥಿಯೇಟರಿನಲ್ಲಿ ಮೂರು ವರ್ಷಕ್ಕೂ ಹೆಚ್ಚು ಓಡಿತು.

ಇನ್ನೊಂದು ಘಟನೆಯನ್ನು ಹತ್ತಿರದಿಂದ ನೋಡಬೇಕು. 1942ರಲ್ಲಿ ಹಣ್ಣಿನ ವ್ಯಾಪಾರಿಯ ಮಗ ಯೂಸುಫ್ ಖಾನ್ ಪರಿಚಯದ ಡಾಕ್ಟರೊಬ್ಬರ ಜೊತೆ ಸ್ಟುಡಿಯೋಗೆ ಬರುತ್ತಾನೆ. ಕೆಲಸ ಬೇಕಿತ್ತು, ಯಾವುದಾದರೂ ಸರಿ. ಸಿನಿಮಾದಲ್ಲಿ ನಟಿಸುವ ಯೋಚನೆ ಇಲ್ಲ. ದೇವಿಕಾ ರಾಣಿ ಕೂರಿಸಿ ಮಾತಾಡಿಸುತ್ತಾರೆ. ಉರ್ದು ಚೆನ್ನಾಗಿ ಬರುತ್ತದಾ? ಸಿಗರೇಟು ಸೇದುತ್ತೀಯಾ? ನಟನಾಗುತ್ತೀಯಾ? ಸಂಬಳ 1,250 ರೂಪಾಯಿ. ಹುಡುಗ ಮನೆಗೆ ಹೋಗಿ ಹೇಳಿದರೆ ಅಣ್ಣ ನಂಬುವುದಿಲ್ಲ. ವರ್ಷಕ್ಕೆ ಇರಬೇಕು, ತಿಂಗಳಿಗಲ್ಲ ಅಂತಾನೆ. ಮತ್ತೆ ವಿಚಾರಿಸಿದಾಗಲೇ ಗೊತ್ತಾಗಿದ್ದು, ತಿಂಗಳಿಗೇ ಅಂತ. ಇದನ್ನು ಮುಂದೆ ದಿಲೀಪ್ ಕುಮಾರ್ ಅವರೇ ಹೇಳಿಕೊಂಡಿದ್ದಾರೆ. ಆ ಹೆಸರು ಕೊಟ್ಟಿದ್ದೂ ಆಕೆಯೇ. 1944ರಲ್ಲಿ 'ಜ್ವಾರ್ ಭಾಟಾ' ಬಂತು. ಅಷ್ಟೇನೂ ಓಡಲಿಲ್ಲ. ತಿಂಗಳ ಸಂಬಳದ ಪದ್ಧತಿಯ ಗುಣ ಗೊತ್ತಾಗುವುದೇ ಇಲ್ಲಿ. ಮೊದಲ ಸಿನಿಮಾ ಮುಗ್ಗರಿಸಿದರೂ ಹುಡುಗ ಬೀದಿಗೆ ಬೀಳಲಿಲ್ಲ, ಅಲ್ಲೇ ಇದ್ದು ಕಲಿತ.

ಅದೇ ವರ್ಷಗಳಲ್ಲಿ ಕನ್ನಡದಲ್ಲಿ ಎಂ.ವಿ. ರಾಜಮ್ಮ 1943ರ 'ರಾಧಾ ರಮಣ' ನಿರ್ಮಿಸಿದರು, ಕನ್ನಡದ ಮೊದಲ ನಿರ್ಮಾಪಕಿ ಅಂತ ಹೆಸರಾದರು. ನಮ್ಮ ಚಿತ್ರರಂಗ ಆಗಿನ್ನೂ ಕೂಸು. ಮೊದಲ ಟಾಕಿ ಬಂದು ಹತ್ತು ವರ್ಷವೂ ಆಗಿರಲಿಲ್ಲ. ನಟಿಯಾಗಿದ್ದವಳು ದುಡ್ಡಿನ ಕಡೆಯ ಮೇಜಿಗೆ ದಾಟಿದ್ದು ಮುಂಬೈಯಲ್ಲಿ ಮಾತ್ರ ನಡೆದ ಪವಾಡ ಅಲ್ಲ.

1943ರಲ್ಲಿ ಮುಖರ್ಜಿ ಬಣ ಎದ್ದು ಹೋಗಿ ಫಿಲ್ಮಿಸ್ತಾನ್ ಕಟ್ಟಿತು. ಅಶೋಕ್ ಕುಮಾರ್ ಕೂಡ ಹೋದರು. ಈ ಒಡಕಿಗೆ ದೇವಿಕಾ ರಾಣಿಯ ಹಟ ಕಾರಣ ಅಂತ ಬರೆಯುವವರು ಇದ್ದಾರೆ. 'ಕಿಸ್ಮತ್' ಗೆದ್ದಿದ್ದಕ್ಕೆ ಮುಖರ್ಜಿ ಕಾರಣ, ಕಂಪನಿ ಒಡೆದಿದ್ದಕ್ಕೆ ದೇವಿಕಾ ಕಾರಣ! ಗೆಲುವು ಬಂದಾಗ ಕುರ್ಚಿ ಕಾಣುವುದಿಲ್ಲ, ಸೋಲು ಬಂದಾಗ ಮಾತ್ರ ಕುರ್ಚಿಯಲ್ಲಿ ಹೆಂಗಸು ಕಾಣುತ್ತಾಳೆ.

ಆಕೆಯ ತಪ್ಪೇ ಇರಲಿಲ್ಲ ಅಂತ ನಾನು ಹೇಳುತ್ತಿಲ್ಲ. ಇಬ್ಬರನ್ನೂ ಸರಿತೂಗಿಸಬೇಕಾದವರು ಒಂದು ಬಣದ ಕಡೆ ವಾಲಿದರು. ಆದರೆ ನೆಲವೇ ಅಲುಗಾಡುತ್ತಿತ್ತು. ಯುದ್ಧದ ಕಾಲದ ಕಪ್ಪು ಹಣ ಸಿನಿಮಾಕ್ಕೆ ನುಗ್ಗಿತ್ತು. ಸ್ಟುಡಿಯೋ ಇಲ್ಲದ ನಿರ್ಮಾಪಕರು ಬಾಡಿಗೆ ಫ್ಲೋರು ಹಿಡಿದು, ಸ್ಟಾರ್‌ಗೆ ಒಂದು ಸಿನಿಮಾಕ್ಕೆ ಇಷ್ಟು ಅಂತ ಗಂಟು ಕೊಡಲು ಶುರು ಮಾಡಿದರು. ಅದರಲ್ಲಿ ರಸೀದಿ ಇರುವುದು ಸ್ವಲ್ಪ, ಇಲ್ಲದ್ದು ಜಾಸ್ತಿ. ತಿಂಗಳ ಸಂಬಳ ಯಾರಿಗೆ ಬೇಕು? ಪ್ರಭಾತ್, ನ್ಯೂ ಥಿಯೇಟರ್ಸ್ ಕೂಡ ಹೆಚ್ಚೂಕಡಿಮೆ ಇದೇ ಹೊಡೆತಕ್ಕೆ ಸೊರಗಿದವು. ದೊಡ್ಡ ತಾರೆಯರಿಗೆ ಇದರಿಂದ ಬಿಡುಗಡೆ ಸಿಕ್ಕಿತು, ನಿಜ. ಲೈಟ್ ಬಾಯ್, ಜೂನಿಯರ್ ಆರ್ಟಿಸ್ಟ್, ಮೇಕಪ್ಪಿನವರಿಗೆ ಹೋಗಿದ್ದು ಇದ್ದ ಒಂದೇ ಕಾಗದ. ಹೇಮಾ ಸಮಿತಿ ಕಂಡ ಬಾಯಿಮಾತಿನ ಕೆಲಸದ ಬೇರು ಆ 1940ರ ದಶಕದಲ್ಲಿದೆ.

1943ರ 'ಹಮಾರಿ ಬಾತ್' ಆಕೆ ನಟಿಸಿದ ಕೊನೆಯ ಚಿತ್ರ. 1945ರಲ್ಲಿ ಷೇರು ಮಾರಿ, ಸ್ಟುಡಿಯೋ ಬಿಟ್ಟು, ಚಿತ್ರಕಾರ ಸ್ವೆತೊಸ್ಲಾವ್ ರೋರಿಕ್ ಅವರನ್ನು ಮದುವೆಯಾದರು. ವಯಸ್ಸು 37. ಹತ್ತು ವರ್ಷ, ಹದಿನೈದರ ಆಸುಪಾಸು ಸಿನಿಮಾ. ಮತ್ತೆ ಆ ಕಡೆ ತಿರುಗಿ ನೋಡಲಿಲ್ಲ.

ಲಿನಾಲೋ ತೋಟ

ಸ್ವೆತೊಸ್ಲಾವ್ ರಷ್ಯದ ಹೆಸರಾಂತ ಚಿತ್ರಕಾರ ನಿಕೊಲಾಯ್ ರೋರಿಕ್ ಅವರ ಮಗ. ಅವರ ಮನೆ ಕುಲು ಕಣಿವೆಯ ನಗ್ಗರದಲ್ಲಿತ್ತು. ಮೊದಲು ಅಲ್ಲಿದ್ದು, ಆಮೇಲೆ ದಂಪತಿ ಬೆಂಗಳೂರಿಗೆ ಬಂದು ತಾತಗುಣಿಯಲ್ಲಿ ನೆಲೆಸಿದರು. ತೋಟದಲ್ಲಿ ಬೆಳೆದದ್ದು ತೆಂಗು, ಅಡಿಕೆ ಅಲ್ಲ, ಲಿನಾಲೋ. ಮೆಕ್ಸಿಕೊ ಮೂಲದ ಮರ. ಕಾಯಿಯ ಸಿಪ್ಪೆಯಿಂದ ಸುವಾಸನೆಯ ಎಣ್ಣೆ ಬರುತ್ತದೆ, ಸೋಪು, ಸೆಂಟಿಗೆ ಹಾಕುತ್ತಾರೆ. ಸಿನಿಮಾ ರಾಣಿ ಎಣ್ಣೆ ವ್ಯಾಪಾರಕ್ಕೆ ಇಳಿದದ್ದು ಕೆಲವರಿಗೆ ತಮಾಷೆ ಅನಿಸಬಹುದು. ಬಟ್ಟೆ ವಿನ್ಯಾಸ, ಸೆಟ್ಟು, ಕಂಪನಿ ಎಲ್ಲ ನೋಡಿದ್ದ ಹೆಂಗಸಿಗೆ ಅದೂ ಒಂದು ಉದ್ಯಮ.

ಆ ಮರಕ್ಕೆ ಇನ್ನೊಂದು ಮಹತ್ವ ಇತ್ತು. ಭೂ ಸುಧಾರಣೆ ಕಾಯ್ದೆ ಪ್ರಕಾರ ಒಬ್ಬರು ಇಷ್ಟೇ ಜಮೀನು ಇಟ್ಟುಕೊಳ್ಳಬಹುದು ಅಂತ ಮಿತಿ ಇದೆ. ಲಿನಾಲೋ ಬೆಳೆಯುವ ಜಮೀನಿಗೆ ಕರ್ನಾಟಕದಲ್ಲಿ ಅದರಿಂದ ವಿನಾಯಿತಿ ಸಿಕ್ಕಿತ್ತು. ಹಾಗಾಗಿಯೇ ಅಷ್ಟು ದೊಡ್ಡ ತೋಟ ಒಂದೇ ಕೈಯಲ್ಲಿ ಉಳಿದದ್ದು.

1958ರಲ್ಲಿ ಪದ್ಮಶ್ರೀ, 1969ರ ಸಾಲಿನ ಮೊದಲ ಫಾಲ್ಕೆ ಪ್ರಶಸ್ತಿ. ಮಕ್ಕಳಿರಲಿಲ್ಲ. ವಯಸ್ಸಾದ ಮೇಲೆ ಇಬ್ಬರೂ ಎಸ್ಟೇಟ್ ಬಿಟ್ಟು ಬೆಂಗಳೂರಿನ ಅಶೋಕ ಹೋಟೆಲಿನಲ್ಲೇ ಇರುತ್ತಿದ್ದರು. ಸ್ಟುಡಿಯೋದ ಪ್ರತಿ ಕಾಗದ ಓದಿ ಸಹಿ ಹಾಕಿದ್ದ ಕೈ ಈಗ ಬೇರೆಯವರು ತಂದ ಕಾಗದವನ್ನು ನಂಬಬೇಕಾದ ಸ್ಥಿತಿ. 1991, 1992ರಲ್ಲಿ ಎಸ್ಟೇಟಿನ ದೊಡ್ಡ ಭಾಗ ತಮಗೆ ಮಾರಾಟವಾಗಿದೆ ಅಂತ ಕೆ.ಟಿ. ಪ್ಲಾಂಟೇಶನ್ ಎಂಬ ಕಂಪನಿ ಕ್ರಯಪತ್ರ ತೋರಿಸಿತು. ಸರ್ಕಾರ ಒಪ್ಪಲಿಲ್ಲ. 1993ರ ಜನವರಿಯಲ್ಲಿ ರೋರಿಕ್ ತೀರಿಕೊಂಡರು. 1994ರ ಮಾರ್ಚ್ 8ರಂದು ಸರ್ಕಾರ ಲಿನಾಲೋ ವಿನಾಯಿತಿ ವಾಪಸ್ ಪಡೆದು ಅಧಿಸೂಚನೆ ಹೊರಡಿಸಿತು. ಮಾರನೇ ದಿನ, ಮಾರ್ಚ್ 9ರಂದು, ದೇವಿಕಾ ರಾಣಿ ತೀರಿಕೊಂಡರು.

ಆಮೇಲಿನದ್ದು ಕಾನೂನು ಓದುವ ಪ್ರತಿ ವಿದ್ಯಾರ್ಥಿಗೂ ಗೊತ್ತಿರುವ ಕೇಸು. 1996ರಲ್ಲಿ ರಾಜ್ಯ ಸರ್ಕಾರ ಈ ಒಂದೇ ಎಸ್ಟೇಟಿಗಾಗಿ ಪ್ರತ್ಯೇಕ ಸ್ವಾಧೀನ ಕಾಯ್ದೆ ಮಾಡಿತು. ಜಮೀನು, ಕಟ್ಟಡ, ಚಿತ್ರಗಳು, ವಸ್ತುಗಳು, ಎಲ್ಲ ಸೇರಿ. ಕಂಪನಿ ಕೋರ್ಟಿಗೆ ಹೋಯಿತು. ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ 2011ರ ಆಗಸ್ಟ್ 9ರಂದು ತೀರ್ಪು ಕೊಟ್ಟಿತು. ಕಾಯ್ದೆ ಸರಿ ಅಂತು. ಅದಕ್ಕಿಂತ ದೊಡ್ಡ ಮಾತು ಸಂವಿಧಾನದ 300ಎ ವಿಧಿಯ ಬಗ್ಗೆ. ಆಸ್ತಿ ಹಕ್ಕು 1978ರ ತಿದ್ದುಪಡಿಯ ನಂತರ ಮೂಲಭೂತ ಹಕ್ಕಾಗಿ ಉಳಿದಿಲ್ಲ. ಹಾಗಂತ ಸರ್ಕಾರ ಮನಸ್ಸಿಗೆ ಬಂದ ಹಾಗೆ ಕಿತ್ತುಕೊಳ್ಳುವ ಹಾಗಿಲ್ಲ. ಕಾನೂನು ಇರಬೇಕು, ಸಾರ್ವಜನಿಕ ಉದ್ದೇಶ ಇರಬೇಕು, ಪರಿಹಾರ ಕೊಡದಿದ್ದರೆ ಅಥವಾ ಹೆಸರಿಗೆ ಮಾತ್ರ ಕೊಟ್ಟರೆ ಅದಕ್ಕೆ ಸರ್ಕಾರ ಕೋರ್ಟಿನಲ್ಲಿ ಸಮರ್ಥನೆ ಕೊಡಬೇಕು. ರಸ್ತೆಗೆ, ಕಾರ್ಖಾನೆಗೆ ಜಮೀನು ಕಳೆದುಕೊಳ್ಳುವ ರೈತರ ಕೇಸುಗಳಲ್ಲೂ ವಕೀಲರು ಈ ತೀರ್ಪನ್ನು ಎತ್ತುತ್ತಾರೆ. ನಟಿಯೊಬ್ಬಳ ತೋಟ ಇಡೀ ದೇಶದ ಆಸ್ತಿ ಕಾನೂನಿನ ಪಾಠವಾಯಿತು.

ಸರ್ಕಾರ ಕೋರ್ಟಿನಲ್ಲಿ ಗೆದ್ದದ್ದು ಯಾವ ಮಾತಿನ ಮೇಲೆ? ಈ ಜಾಗವನ್ನೂ ಕಲಾಕೃತಿಗಳನ್ನೂ ಜನರಿಗಾಗಿ ಕಾಪಾಡುತ್ತೇವೆ ಅನ್ನುವ ಮಾತಿನ ಮೇಲೆ. ಸಾರ್ವಜನಿಕ ಉದ್ದೇಶ ಅಂದರೆ ಅದೇ. ಹಾಗಿದ್ದಾಗ ಅಲ್ಲಿ ಫಿಲ್ಮ್ ಸಿಟಿ ಮಾಡೋಣ ಅನ್ನುವುದು ನನಗೆ ಸರಿ ಕಾಣುವುದಿಲ್ಲ. ಸಿನಿಮಾ ನಟಿಯ ಜಾಗ, ಸಿನಿಮಾಕ್ಕೇ ಕೊಟ್ಟರಾಯಿತು ಅನ್ನುವ ತರ್ಕ ಮೇಲ್ನೋಟಕ್ಕೆ ಚೆನ್ನಾಗಿದೆ. ಆದರೆ ಆಕೆ ಅಲ್ಲಿಗೆ ಬಂದದ್ದು ಸಿನಿಮಾ ಬಿಟ್ಟು.

ರೋರಿಕ್ ಅಪ್ಪ-ಮಗನ ಚಿತ್ರಗಳನ್ನು ನೋಡಬೇಕಾದರೆ ಕುಮಾರಕೃಪಾ ರಸ್ತೆಯ ಚಿತ್ರಕಲಾ ಪರಿಷತ್ತಿಗೆ ಹೋಗಬಹುದು. ಹಿಮಾಲಯದ ಆ ನೀಲಿ, ನೇರಳೆ ಬಣ್ಣಗಳ ಮುಂದೆ ಸಿಟಿಯ ಗದ್ದಲ ಮರೆತುಹೋಗುತ್ತದೆ. ದೇವಿಕಾ ರಾಣಿಯ ಸ್ಟುಡಿಯೋ ನೋಡಲು ಮಲಾಡಿಗೆ ಹೋದರೆ ಪ್ರಯೋಜನವಿಲ್ಲ. ಬಾಂಬೆ ಟಾಕೀಸ್ 1950ರ ದಶಕದ ಮೊದಲ ವರ್ಷಗಳಲ್ಲೇ ಬಾಗಿಲು ಹಾಕಿತು. ಫ್ಲೋರುಗಳಿದ್ದ ಜಾಗದಲ್ಲಿ ಈಗ ಸಣ್ಣ ಸಣ್ಣ ಕಾರ್ಖಾನೆ, ಗೋದಾಮು. ಗುರುತಿಗೆ ಉಳಿದಿದ್ದು ಬಾಂಬೆ ಟಾಕೀಸ್ ಕಾಂಪೌಂಡ್ ಅನ್ನುವ ವಿಳಾಸ ಮಾತ್ರ. ತಾತಗುಣಿಯಲ್ಲಿ ಹಾಗಲ್ಲ. ಮನೆ ಇದೆ, ಕೆರೆ ಇದೆ, ಮರಗಳಿವೆ, ಗಂಡ ಹೆಂಡತಿ ಇಬ್ಬರ ಸಮಾಧಿಯೂ ಅಲ್ಲೇ ಇದೆ. ಗೇಟಿಗೆ ಸರ್ಕಾರದ ಬೀಗ.